ಪೆನ್ಸಿಲ್ವೇನಿಯಾದಲ್ಲಿ ಮನೆ, ಕೊಡಗಿನಲ್ಲಿ ತೋಟ: ಅಲ್ಲಿನ ತೆರಿಗೆ ಸೇವೆಗಳು ಹೇಗಿವೆ?

ಮಡಿಕೇರಿ ನಗರಸಭೆಗೆ ಮನೆ ತೆರಿಗೆ ಕಟ್ಟುವವರಿಗೆ ಒಂದು ಚಲನ್ ಸಾಕು. ಗ್ರಂಥಾಲಯ ಕರ, ಭಿಕ್ಷುಕರ ಕರ ಎಲ್ಲ ಅದರೊಳಗೇ ಕೂತಿರುತ್ತವೆ. ಏಪ್ರಿಲ್‌ನಲ್ಲೇ ಕಟ್ಟಿದರೆ ಶೇ 5 ರಿಯಾಯಿತಿ. ಪೊನ್ನಂಪೇಟೆ, ನಾಪೋಕ್ಲು ಕಡೆಯ ಹಳ್ಳಿಯಾದರೆ ಪಂಚಾಯಿತಿ ಬಿಲ್ ಕಲೆಕ್ಟರ್ ಮನೆ ಬಾಗಿಲಿಗೇ ಬರುವುದುಂಟು. ಈ ಅಭ್ಯಾಸದಲ್ಲಿ ಬೆಳೆದವರು ಫಿಲಡೆಲ್ಫಿಯಾದ ಹೊರವಲಯದಲ್ಲಿ, ಅಂದರೆ ಬಕ್ಸ್, ಚೆಸ್ಟರ್, ಡೆಲವೇರ್, ಮಾಂಟ್‌ಗೊಮರಿ ಕೌಂಟಿಗಳಲ್ಲಿ (ನಮ್ಮ ಜಿಲ್ಲೆಗಳ ಹಾಗೆ), ಮನೆ ಕೊಂಡ ವರ್ಷ ತಲೆ ಕೆರೆದುಕೊಳ್ಳುವುದು ಸಹಜ. ಅಲ್ಲಿ ಒಂದೇ ಮನೆಗೆ ಮೂರು ಕಡೆಯಿಂದ ಆಸ್ತಿ ತೆರಿಗೆ, ಒಂದೇ ಸಂಬಳಕ್ಕೆ ಕೇಂದ್ರ, ರಾಜ್ಯ, ಊರು ಎಂದು ಮೂರು ಹಂತದ ಆದಾಯ ತೆರಿಗೆ. ಇವನ್ನೆಲ್ಲ ಒಟ್ಟಿಗೆ ತೋರಿಸುವ ಒಂದೇ ಒಂದು ಜಾಗ ಇಲ್ಲ.

ಕೇಂದ್ರದ ತೆರಿಗೆಯನ್ನು ಇಲ್ಲಿ ಬದಿಗಿಟ್ಟಿದ್ದೇವೆ. ವಿಮರ್ಶೆಗೆ ತೆಗೆದುಕೊಂಡಿರುವುದು ನಾಲ್ಕು ಸೇವೆಗಳನ್ನು: ರಾಜ್ಯದ ಮೈಪಾತ್ ಜಾಲತಾಣ, ಊರಿನ ಆದಾಯ ತೆರಿಗೆ ವಸೂಲಿ ಮಾಡುವ ಸಂಸ್ಥೆಗಳು, ಟೌನ್‌ಶಿಪ್‌ನ (ಅಂದರೆ ಅಲ್ಲಿನ ಸ್ಥಳೀಯ ಸಂಸ್ಥೆಯ) ಟ್ಯಾಕ್ಸ್ ಕಲೆಕ್ಟರ್, ಮನೆಗೆ ಬೆಲೆ ಕಟ್ಟುವ ಕೌಂಟಿಯ ಮೌಲ್ಯಮಾಪನ ಕಚೇರಿ. ಓದುಗರಾಗಿ ಅಲ್ಲಿರುವ ಕೊಡಗಿನವರೂ ಇದ್ದಾರೆ. ಮಗನ ಅಥವಾ ಮಗಳ ಹೆಸರಿನ ತೋಟದ ಲೆಕ್ಕ ಇಟ್ಟುಕೊಂಡು ಇಲ್ಲೇ ಇರುವ ಅಪ್ಪ ಅಮ್ಮಂದಿರೂ ಇದ್ದಾರೆ. ಎರಡನೆಯವರಿಗೆ ಈ ಬರಹದ ಕೊನೆಯ ಭಾಗ ಮುಖ್ಯ.

ರಾಜ್ಯದ ತೆರಿಗೆ: ಸುಲಭ, ಆದರೆ ಕರುಣೆ ಕಡಿಮೆ

ಐದಕ್ಕೆ ನಾಲ್ಕು ಅಂಕ ಕೊಡಬಹುದಾದ ಭಾಗ ಇದು. ಪೆನ್ಸಿಲ್ವೇನಿಯಾದ ಆದಾಯ ತೆರಿಗೆ ಎಲ್ಲರಿಗೂ ಒಂದೇ ದರ, ಶೇ 3.07. ನಮ್ಮ ಹಾಗೆ ಸ್ಲ್ಯಾಬ್ ಇಲ್ಲ, ಹಳೆ ಪದ್ಧತಿ ಹೊಸ ಪದ್ಧತಿ ಎಂಬ ತಕರಾರೂ ಇಲ್ಲ. ಸ್ಟ್ಯಾಂಡರ್ಡ್ ಡಿಡಕ್ಷನ್ ಕೂಡ ಇಲ್ಲ. ವರ್ಷಕ್ಕೆ 33 ಡಾಲರ್‌ಗಿಂತ ಹೆಚ್ಚು ತೆರಿಗೆಗೆ ಒಳಪಡುವ ಆದಾಯ ಬಂದರೆ ಪಿಎ-40 ಎಂಬ ರಿಟರ್ನ್ ಸಲ್ಲಿಸಲೇಬೇಕು. ಕೊನೆಯ ದಿನ ಏಪ್ರಿಲ್ 15. ಮೈಪಾತ್‌ನಲ್ಲಿ ಇದನ್ನು ಪುಕ್ಕಟೆಯಾಗಿ ಸಲ್ಲಿಸಬಹುದು. ಇಷ್ಟು ಚಿಕ್ಕ ರಿಟರ್ನ್‌ಗೆ ನೂರು ಡಾಲರ್ ತೆತ್ತು ಬೇರೆ ಸಾಫ್ಟ್‌ವೇರ್ ಕೊಳ್ಳುವ ಅಗತ್ಯ ಬಹಳ ಜನಕ್ಕೆ ಬೀಳುವುದಿಲ್ಲ.

ಆದಾಯವನ್ನು ಎಂಟು ವರ್ಗಗಳಾಗಿ ಕತ್ತರಿಸಿ ಇಟ್ಟಿದ್ದಾರೆ: ಸಂಬಳ, ಬಡ್ಡಿ, ಡಿವಿಡೆಂಡ್, ವ್ಯಾಪಾರ ಮತ್ತು ಕೃಷಿಯ ನಿವ್ವಳ ಲಾಭ, ಆಸ್ತಿ ಮಾರಾಟದ ಲಾಭ, ಬಾಡಿಗೆ ಮತ್ತು ರಾಯಲ್ಟಿ, ಎಸ್ಟೇಟ್ ಅಥವಾ ಟ್ರಸ್ಟ್‌ನಿಂದ ಬಂದದ್ದು, ಜೂಜು ಮತ್ತು ಲಾಟರಿ ಗೆಲುವು. ಈ ಎಂಟು ಕೋಣೆಗಳ ನಡುವೆ ಬಾಗಿಲೇ ಇಲ್ಲ. ಒಂದು ವರ್ಗದ ನಷ್ಟವನ್ನು ಇನ್ನೊಂದರ ಲಾಭದಲ್ಲಿ ಕಳೆಯುವಂತಿಲ್ಲ, ಗಂಡನ ನಷ್ಟವನ್ನು ಹೆಂಡತಿಯ ಲಾಭದಲ್ಲಿ ಕಳೆಯುವಂತಿಲ್ಲ, ಈ ವರ್ಷದ ನಷ್ಟವನ್ನು ಮುಂದಿನ ವರ್ಷಕ್ಕೆ ಒಯ್ಯುವಂತೆಯೂ ಇಲ್ಲ. 2018ರ ಆಗಸ್ಟ್‌ನಂತಹ ಮಳೆಗೆ ತೋಟವೇ ಜಾರಿಹೋದ ವರ್ಷ ಬಂದರೂ ಅಲ್ಲಿನ ಸಂಬಳದ ಮೇಲಿನ ತೆರಿಗೆ ಒಂದು ಸೆಂಟೂ ಇಳಿಯುವುದಿಲ್ಲ.

ಕಂಪನಿ ಕೊಡುವ ವರ್ಷದ ಸಂಬಳ ಪತ್ರ ಡಬ್ಲ್ಯು-2 ಕೈಗೆ ಬಂದಾಗ ಹೆಚ್ಚಿನವರು ಬೆಚ್ಚುವುದು 1ನೇ ಬಾಕ್ಸ್ (ಕೇಂದ್ರದ ತೆರಿಗೆಗೆ ಒಳಪಡುವ ಸಂಬಳ) ಮತ್ತು 16ನೇ ಬಾಕ್ಸ್ (ರಾಜ್ಯದ ತೆರಿಗೆಗೆ ಒಳಪಡುವ ಸಂಬಳ) ನೋಡಿ. 1 ಲಕ್ಷ ಡಾಲರ್ ಸಂಬಳದಲ್ಲಿ 10,000 ಡಾಲರ್ 401(ಕೆ) ನಿವೃತ್ತಿ ಖಾತೆಗೆ ಹೋಗಿದ್ದರೆ 1ನೇ ಬಾಕ್ಸ್‌ನಲ್ಲಿ 90,000 ಇರುತ್ತದೆ, 16ರಲ್ಲಿ 1,00,000. ಕಂಪನಿಯ ಅಕೌಂಟೆಂಟ್ ತಪ್ಪು ಮಾಡಿದ್ದಲ್ಲ. 401(ಕೆ)ಗೆ ಹಾಕಿದ ಹಣಕ್ಕೂ ಪೆನ್ಸಿಲ್ವೇನಿಯಾ ಅದೇ ವರ್ಷ ತೆರಿಗೆ ಹಿಡಿಯುತ್ತದೆ. ಬದಲಿಗೆ ನಿಯಮದಂತೆ ನಿವೃತ್ತರಾದ ಮೇಲೆ ಆ ಹಣ ತೆಗೆದಾಗ ರಾಜ್ಯ ಏನೂ ಕೇಳುವುದಿಲ್ಲ. ಪರೀಕ್ಷೆ ಸುಲಭ: 16ನೇ ಬಾಕ್ಸ್ ಗುಣಿಸು 3.07, ಭಾಗಿಸು 100. ಬಂದದ್ದು 17ನೇ ಬಾಕ್ಸ್‌ಗೆ (ರಾಜ್ಯಕ್ಕೆ ಹಿಡಿದ ತೆರಿಗೆ) ಹೆಚ್ಚುಕಮ್ಮಿ ಸರಿಹೋಗಬೇಕು. ಮೇಲಿನ ಉದಾಹರಣೆಯಲ್ಲಿ 3,070 ಡಾಲರ್.

ನಾಲ್ಕು ಜನರ ಸಣ್ಣ ಸಂಸಾರಕ್ಕೆ ಒಂದು ನೆರವು ಇದೆ. ಗಂಡ, ಹೆಂಡತಿ, ಇಬ್ಬರು ಮಕ್ಕಳಿದ್ದು ಅರ್ಹತಾ ಆದಾಯ 32,000 ಡಾಲರ್ ಒಳಗಿದ್ದರೆ ಷೆಡ್ಯೂಲ್ ಎಸ್‌ಪಿ ತುಂಬಿ ರಾಜ್ಯದ ತೆರಿಗೆಯನ್ನು ಪೂರ್ತಿ ಮನ್ನಾ ಮಾಡಿಸಿಕೊಳ್ಳಬಹುದು. ಅದಕ್ಕಿಂತ ಸ್ವಲ್ಪ ಮೇಲಿದ್ದರೆ ಭಾಗಶಃ ಮನ್ನಾ. ತಾನಾಗಿ ಸಿಗುವುದಿಲ್ಲ, ಕೇಳಿಕೊಳ್ಳಬೇಕು.

ಅಂಗಡಿಯ ತೆರಿಗೆಯ ಬಗ್ಗೆ ಹೆಚ್ಚು ಹೇಳುವುದೇನಿಲ್ಲ. ಹೊರವಲಯದಲ್ಲಿ ಶೇ 6, ಫಿಲಡೆಲ್ಫಿಯಾ ನಗರದೊಳಗೆ ಶೇ 8, ಪಿಟ್ಸ್‌ಬರ್ಗ್ ಇರುವ ಅಲೆಗೆನಿ ಕೌಂಟಿಯಲ್ಲಿ ಶೇ 7. ದಿನಸಿಗೂ ಸಾಮಾನ್ಯ ಉಡುಪಿಗೂ ಇಲ್ಲ. ಕಾಫಿ ಪುಡಿ ಕೊಂಡರೆ ತೆರಿಗೆ ಇಲ್ಲ, ಹೋಟೆಲಿನಲ್ಲಿ ಬಿಸಿ ಕಾಫಿ ಕುಡಿದರೆ ಇದೆ. ಕಾಫಿ ಬೆಳೆಯುವವರಿಗೆ ಇದೊಂದು ಸಣ್ಣ ಸಮಾಧಾನ.

ಮೈಪಾತ್‌ನ ಕೊರತೆ ಒಂದೇ, ಆದರೆ ದೊಡ್ಡದು. ಊರಿನ ತೆರಿಗೆಗೂ ಅದಕ್ಕೂ ಸಂಬಂಧವಿಲ್ಲ. ರಾಜ್ಯದ ರಿಟರ್ನ್ ಸಲ್ಲಿಸಿ "ಮುಗಿಯಿತು" ಎಂದು ಕೂತವರಿಗೆ ಒಂದೆರಡು ವರ್ಷ ಕಳೆದ ಮೇಲೆ ದಂಡ, ಬಡ್ಡಿಯ ಪತ್ರ ಬರುವುದು ಇದರಿಂದಲೇ.

ಊರಿನ ಆದಾಯ ತೆರಿಗೆ: ಎಲ್ಲ ಗೊಂದಲದ ತವರು

ಇದಕ್ಕೆ ಎರಡೂವರೆ ಅಂಕಕ್ಕಿಂತ ಹೆಚ್ಚು ಕೊಡಲು ಮನಸ್ಸು ಬರುವುದಿಲ್ಲ. ಹೆಸರು ಅರ್ನ್ಡ್ ಇನ್‌ಕಮ್ ಟ್ಯಾಕ್ಸ್, ಮಾತಿನಲ್ಲಿ ಇಐಟಿ. ದುಡಿದ ಆದಾಯಕ್ಕೆ ಮಾತ್ರ, ಅಂದರೆ ಸಂಬಳಕ್ಕೂ ಸ್ವಂತ ವ್ಯಾಪಾರದ ನಿವ್ವಳ ಲಾಭಕ್ಕೂ. ಬಡ್ಡಿ, ಡಿವಿಡೆಂಡ್, ಸುಮ್ಮನೆ ಬರುವ ಬಾಡಿಗೆಗೆ ಇಲ್ಲ. ಹೆಚ್ಚಿನ ಕಡೆ ದರ ಶೇ 1; ಅರ್ಧ ಟೌನ್‌ಶಿಪ್‌ಗೆ, ಅರ್ಧ ಅಲ್ಲಿನ ಸರ್ಕಾರಿ ಶಾಲೆಗಳನ್ನು ನಡೆಸುವ ಸ್ಕೂಲ್ ಡಿಸ್ಟ್ರಿಕ್ಟ್‌ಗೆ ಹೋಗುವುದು ವಾಡಿಕೆ. ಆದರೆ ಎಲ್ಲ ಕಡೆಯೂ ಹಾಗಲ್ಲ. ಲೋವರ್ ಮೆರಿಯನ್‌ನಂತಹ ಕೆಲವು ಟೌನ್‌ಶಿಪ್‌ಗಳು ಈ ತೆರಿಗೆಯನ್ನೇ ಹಾಕಿಲ್ಲ. ಶೇ 1ಕ್ಕಿಂತ ಹೆಚ್ಚಿರುವ ಊರುಗಳೂ ಇವೆ.

ಹಿಂದೆ ಇದನ್ನು ಊರೂರಿಗೆ ಬೇರೆ ಬೇರೆ ಜನ ವಸೂಲಿ ಮಾಡುತ್ತಿದ್ದರು. 2008ರ 32ನೇ ಕಾಯ್ದೆ ಬಂದು 2012ರಿಂದ ಸಾಮಾನ್ಯವಾಗಿ ಕೌಂಟಿಗೊಂದು ವಸೂಲಿ ಸಂಸ್ಥೆ ಎಂದಾಯಿತು. ಇವುಗಳಲ್ಲಿ ಕೆಲವು ಖಾಸಗಿ ಕಂಪನಿಗಳು. ಬರ್ಕ್‌ಹೈಮರ್, ಕೀಸ್ಟೋನ್ ಎಂಬ ಹೆಸರುಗಳು ಹೆಚ್ಚು ಕಾಣುತ್ತವೆ. ಲಕೋಟೆ ಮೇಲೆ ಕಂಪನಿಯ ಹೆಸರಿರುವುದರಿಂದ ಜಾಹೀರಾತು ಎಂದುಕೊಂಡು ಕಸಕ್ಕೆ ಹಾಕುವವರಿದ್ದಾರೆ. ಹಾಕಬೇಡಿ. ಅದು ಪಂಚಾಯಿತಿ ನೋಟಿಸಿನಷ್ಟೇ ಅಸಲಿ.

ತಪ್ಪು ಶುರುವಾಗುವುದು ವಿಳಾಸದಿಂದ. ಅಂಚೆ ವಿಳಾಸದಲ್ಲಿ ಇರುವ ಊರಿನ ಹೆಸರು ತೆರಿಗೆಯ ಊರಲ್ಲ. ನಮ್ಮಲ್ಲಿ ಅಂಚೆ ಒಂದು ಊರಿನದು, ಪಂಚಾಯಿತಿ ಇನ್ನೊಂದು ಊರಿನದು ಇರುವುದಿಲ್ಲವೇ, ಹಾಗೆಯೇ. "ವೆಸ್ಟ್ ಚೆಸ್ಟರ್" ಎಂಬ ಒಂದು ಅಂಚೆ ಹೆಸರಿನ ಕೆಳಗೆ ಆ ಬರೋ (ಪುಟ್ಟ ಪಟ್ಟಣ) ಅಲ್ಲದೆ ಸುತ್ತಲಿನ ಹಲವು ಟೌನ್‌ಶಿಪ್‌ಗಳ ಮನೆಗಳು ಬರುತ್ತವೆ. ರಾಜ್ಯದಲ್ಲಿ ಕೌಂಟಿ 67, ಸ್ಕೂಲ್ ಡಿಸ್ಟ್ರಿಕ್ಟ್ 500, ಸ್ಥಳೀಯ ಸಂಸ್ಥೆಗಳು 2,500ಕ್ಕೂ ಮೇಲೆ. ಆದ್ದರಿಂದ ಪಿನ್‌ಕೋಡಿನಂತಿರುವ ಜಿಪ್ ಕೋಡ್ ನೋಡಿ ಅಂದಾಜು ಮಾಡದೆ, ಮನೆ ನಂಬರ್ ಮತ್ತು ರಸ್ತೆಯ ಹೆಸರು ಹಾಕಿ ರಾಜ್ಯದ ಸಮುದಾಯ ಮತ್ತು ಆರ್ಥಿಕ ಅಭಿವೃದ್ಧಿ ಇಲಾಖೆಯ ಜಾಲತಾಣದಲ್ಲಿ ಹುಡುಕಬೇಕು. ಅಲ್ಲಿ ಆರು ಅಂಕಿಯ ಪಿಎಸ್‌ಡಿ ಕೋಡ್ ಸಿಗುತ್ತದೆ. ಮೊದಲ ಎರಡು ಅಂಕಿ ವಸೂಲಿ ಜಿಲ್ಲೆ (ಚೆಸ್ಟರ್‌ಗೆ 15, ಮಾಂಟ್‌ಗೊಮರಿಗೆ 46), ನಾಲ್ಕು ಅಂಕಿಗೆ ಸ್ಕೂಲ್ ಡಿಸ್ಟ್ರಿಕ್ಟ್, ಆರಕ್ಕೆ ನಿಮ್ಮ ಟೌನ್‌ಶಿಪ್ ಗೊತ್ತಾಗುತ್ತದೆ. ಈ ಹುಡುಕಾಟದ ಪುಟ ಮಾತ್ರ ಚೆನ್ನಾಗಿದೆ. ದರ, ವಸೂಲಿ ಸಂಸ್ಥೆಯ ಹೆಸರು ಎಲ್ಲ ಒಂದೇ ಕಡೆ ತೋರಿಸುತ್ತದೆ.

ಕೋಡ್ ಸಿಕ್ಕ ಮೇಲೆ ಕಂಪನಿಗೆ ರೆಸಿಡೆನ್ಸಿ ಸರ್ಟಿಫಿಕೇಷನ್ ಫಾರಂ ಕೊಡಬೇಕು, ಮನೆ ಬದಲಿಸಿದಾಗಲೆಲ್ಲ ಹೊಸದಾಗಿ. ಕಂಪನಿ ಎರಡು ದರ ನೋಡುತ್ತದೆ: ನೀವಿರುವ ಊರಿನ ದರ, ಕಚೇರಿ ಇರುವ ಊರಿನಲ್ಲಿ ಹೊರಗಿನವರಿಗೆ ಇರುವ ದರ. ಯಾವುದು ಹೆಚ್ಚೋ ಅದನ್ನು ಹಿಡಿಯುತ್ತದೆ. ತೆರಿಗೆಯೇ ಇಲ್ಲದ ಟೌನ್‌ಶಿಪ್‌ನಲ್ಲಿ ಇದ್ದುಕೊಂಡು ಸಂಬಳದಲ್ಲಿ ಶೇ 1 ಹೋಗುತ್ತಿದ್ದರೆ ಕಾರಣ ಇದೇ ಇರಬಹುದು. ಪರ ರಾಜ್ಯದ ಕಂಪನಿಗೆ ಮನೆಯಿಂದಲೇ ಕೆಲಸ ಮಾಡುವವರಿಗೆ ಇದರ ತಿರುವು: ಆ ಕಂಪನಿ ಊರಿನ ತೆರಿಗೆ ಹಿಡಿಯದೇ ಇರಬಹುದು. ಆಗ ಮೂರು ತಿಂಗಳಿಗೊಮ್ಮೆ ನೀವೇ ಕಟ್ಟಬೇಕು.

ವರ್ಷದ ಮಧ್ಯೆ ಒಂದು ಟೌನ್‌ಶಿಪ್‌ನಿಂದ ಇನ್ನೊಂದಕ್ಕೆ ಹೋದವರು ಎರಡೂ ಊರಿಗೆ ಬೇರೆ ಬೇರೆ ಲೆಕ್ಕ ಕೊಡಬೇಕು. ಮನೆ ಬದಲಿಸಿದ ವಾರದ ಸಂಬಳ ಚೀಟಿ ಎತ್ತಿಟ್ಟುಕೊಂಡರೆ ಅರ್ಧ ಕೆಲಸ ಮುಗಿದಂತೆ. ಊರಿನ ರಿಟರ್ನ್‌ಗೂ ಕೊನೆ ದಿನ ಏಪ್ರಿಲ್ 15. ತೆರಿಗೆ ಪೂರ್ತಿ ಕಟಾವಾಗಿದ್ದು ಬಾಕಿ ಸೊನ್ನೆ ಎಂದಿದ್ದರೂ ಸಲ್ಲಿಸಬೇಕು. ಕೊಂಡ ಸಾಫ್ಟ್‌ವೇರ್ ಇದನ್ನು ತಯಾರಿಸಿ "ಪ್ರಿಂಟ್ ತೆಗೆದು ಕಳುಹಿಸಿ" ಎಂದು ಕೈತೊಳೆದುಕೊಳ್ಳುವುದು ಸಾಮಾನ್ಯ. ಆ ಸಾಲನ್ನು ಯಾರೂ ಓದುವುದಿಲ್ಲ. ವಸೂಲಿ ಸಂಸ್ಥೆಯ ತಾಣದಲ್ಲೇ ನೇರ ತುಂಬುವುದು ಮೇಲು.

ಫಿಲಡೆಲ್ಫಿಯಾ ನಗರದೊಳಗೆ ಕೆಲಸಕ್ಕೆ ಹೋಗುವವರ ಕಥೆ ಬೇರೆ. ನಗರದ ವೇಜ್ ಟ್ಯಾಕ್ಸ್ 2025ರ ಜುಲೈ 1ರಿಂದ ಹೊರಗಿನವರಿಗೆ ಶೇ 3.43, ನಗರವಾಸಿಗಳಿಗೆ ಶೇ 3.74. ಹೊರವಲಯದವರು ಅಲ್ಲಿ ಕಟ್ಟಿದ್ದನ್ನು ತಮ್ಮ ಊರಿನ ಶೇ 1ಕ್ಕೆ ವಜಾ ಹಾಕಿಕೊಳ್ಳಬಹುದು. ಉಳಿದ ಶೇ 2.43 ವಾಪಸ್ ಬರುವುದಿಲ್ಲ, ರಾಜ್ಯದ ತೆರಿಗೆಗೂ ವಜಾ ಆಗುವುದಿಲ್ಲ. ಆದರೆ ಕಂಪನಿಯೇ "ನಗರದ ಹೊರಗಿಂದ ಕೆಲಸ ಮಾಡು" ಎಂದು ಹೇಳಿದ ದಿನಗಳಿಗೆ ನಗರದಿಂದ ಮರುಪಾವತಿ ಕೇಳಬಹುದು. ನಿಮ್ಮ ಅನುಕೂಲಕ್ಕೆ ಮನೆಯಲ್ಲಿ ಕೂತ ದಿನಗಳಿಗೆ ಇಲ್ಲ. ಕಂಪನಿಯ ಪತ್ರ, ದಿನಗಳ ಪಟ್ಟಿ ಎರಡೂ ಬೇಕು. ಮರುಪಾವತಿ ಬಂದ ದಿನಗಳಿಗೆ ನಿಮ್ಮ ಊರಿನ ತೆರಿಗೆ ಮತ್ತೆ ಹುಟ್ಟಿಕೊಳ್ಳುತ್ತದೆ ಎಂಬುದನ್ನು ಮರೆತವರಿಗೆ ಮುಂದಿನ ವರ್ಷ ನೋಟಿಸ್.

ನ್ಯೂ ಜೆರ್ಸಿಯಲ್ಲಿ ಕೆಲಸ ಇದ್ದರೆ ನೆಮ್ಮದಿ. ನ್ಯೂ ಜೆರ್ಸಿ, ಮೇರಿಲ್ಯಾಂಡ್, ಒಹಾಯೊ, ವರ್ಜೀನಿಯಾ, ವೆಸ್ಟ್ ವರ್ಜೀನಿಯಾ, ಇಂಡಿಯಾನಾ ಜೊತೆ ಪೆನ್ಸಿಲ್ವೇನಿಯಾಕ್ಕೆ ಒಪ್ಪಂದವಿದೆ; ಸಂಬಳಕ್ಕೆ ವಾಸದ ರಾಜ್ಯ ಮಾತ್ರ ತೆರಿಗೆ ಹಾಕುತ್ತದೆ. ಡೆಲವೇರ್, ನ್ಯೂಯಾರ್ಕ್ ಜೊತೆ ಇಲ್ಲ. ಚೆಸ್ಟರ್ ಕೌಂಟಿಯಿಂದ ವಿಲ್ಮಿಂಗ್ಟನ್‌ನ ಬ್ಯಾಂಕುಗಳಿಗೆ ಹೋಗುವವರು ಮೊದಲು ಡೆಲವೇರ್‌ಗೆ ಕಟ್ಟಿ, ಅದನ್ನು ಪಿಎ-40ರಲ್ಲಿ ವಜಾ ಹಾಕಿ, ಮಿಕ್ಕಿದ್ದನ್ನು ಊರಿನ ರಿಟರ್ನ್‌ನಲ್ಲಿ ವಜಾ ಕೇಳಬೇಕು. ಎರಡನೇ ಹೆಜ್ಜೆಗೇ ನಿಂತುಬಿಡುವವರು ಊರಿಗೆ ಸುಮ್ಮನೆ ಶೇ 1 ಕೊಡುತ್ತಿರುತ್ತಾರೆ.

ಸಂಬಳ ಚೀಟಿಯಲ್ಲಿ ವಾರಕ್ಕೊಂದು ಡಾಲರ್ ಹೋಗುವುದು ಲೋಕಲ್ ಸರ್ವಿಸಸ್ ಟ್ಯಾಕ್ಸ್. ವರ್ಷಕ್ಕೆ ಗರಿಷ್ಠ 52 ಡಾಲರ್, ಕೆಲಸ ಮಾಡುವ ಊರಿಗೆ. ನಮ್ಮ ವೃತ್ತಿ ತೆರಿಗೆಯ ತಮ್ಮ ಎನ್ನಿ. ಇಲ್ಲಿ ತಿಂಗಳಿಗೆ 25,000 ರೂ. ದಾಟಿದ ಸಂಬಳಕ್ಕೆ 200 ರೂ. ಹೋಗುವ ಹಾಗೆ. ಅಲ್ಲಿ ತೆರಿಗೆ 10 ಡಾಲರ್‌ಗಿಂತ ಹೆಚ್ಚಿರುವ ಊರುಗಳಲ್ಲಿ ವರ್ಷಕ್ಕೆ 12,000 ಡಾಲರ್‌ಗಿಂತ ಕಡಿಮೆ ದುಡಿಯುವವರಿಗೆ ವಿನಾಯಿತಿ. ಎರಡು ಕಡೆ ಕೆಲಸವಿದ್ದರೆ ಒಂದೇ ಕಡೆ ಹಿಡಿಯಬೇಕು. ಎರಡನೆಯ ಕಡೆಗೆ ಮೊದಲನೆಯದರ ಸಂಬಳ ಚೀಟಿ ತೋರಿಸಿ ವಿನಾಯಿತಿ ಫಾರಂ ಕೊಡಿ.

ಮನೆಯ ಮೇಲಿನ ಮೂರು ಬಿಲ್ಲು

ಕೌಂಟಿ, ಟೌನ್‌ಶಿಪ್, ಸ್ಕೂಲ್ ಡಿಸ್ಟ್ರಿಕ್ಟ್ ಮೂವರೂ ಒಂದೇ ಮೌಲ್ಯದ ಮೇಲೆ ತಮ್ಮ ತಮ್ಮ ದರ ಹಾಕುತ್ತಾರೆ. ದರಕ್ಕೆ ಮಿಲ್ ಎನ್ನುತ್ತಾರೆ: 1,000 ಡಾಲರ್ ಮೌಲ್ಯಕ್ಕೆ 1 ಡಾಲರ್ ತೆರಿಗೆ ಅಂದರೆ 1 ಮಿಲ್. ಲೆಕ್ಕಕ್ಕೆಂದು ಮೌಲ್ಯ 2 ಲಕ್ಷ ಡಾಲರ್, ಕೌಂಟಿ 5, ಟೌನ್‌ಶಿಪ್ 2, ಸ್ಕೂಲ್ 33 ಮಿಲ್ ಎಂದು ಇಟ್ಟುಕೊಳ್ಳಿ. ಒಟ್ಟು 8,000 ಡಾಲರ್, ಅದರಲ್ಲಿ ಸ್ಕೂಲಿಗೇ 6,600. ಅನುಪಾತ ಎಲ್ಲ ಕಡೆ ಬಹುಮಟ್ಟಿಗೆ ಹೀಗೆಯೇ, ಸಿಂಹಪಾಲು ಶಾಲೆಗೆ. ಮಕ್ಕಳಿರಲಿ ಬಿಡಲಿ, ಮಕ್ಕಳು ಖಾಸಗಿ ಶಾಲೆಗೆ ಹೋಗಲಿ, ಕಟ್ಟಬೇಕು. ಹಣ ಎಲ್ಲಿಗೆ ಹೋಯಿತು ಎಂದು ಬಿಲ್ಲಿನಲ್ಲೇ ಕಾಣುವುದು ಈ ವ್ಯವಸ್ಥೆಯ ಒಳ್ಳೆಯ ಗುಣ; ನಮ್ಮ ಉಪಕರಗಳ ಬಗ್ಗೆ ಅಷ್ಟು ಹೇಳಲು ಬಾರದು.

ವಿಚಿತ್ರ ಇರುವುದು ಮೌಲ್ಯದಲ್ಲಿ. ಅದು ಇಂದಿನ ಮಾರುಕಟ್ಟೆ ಬೆಲೆಯಲ್ಲ. ಬಕ್ಸ್ ಕೌಂಟಿಯ ಮೂಲ ವರ್ಷ 1972. ನಿನ್ನೆ ಮೊನ್ನೆ ಕಟ್ಟಿದ ಮನೆಗೂ "1972ರಲ್ಲಿ ಇದ್ದಿದ್ದರೆ ಎಷ್ಟು" ಎಂದು ಬೆಲೆ ಕಟ್ಟುತ್ತಾರೆ. ಡೆಲವೇರ್ ಕೌಂಟಿ 2021ರಲ್ಲಿ ಪೂರ್ತಿ ಹೊಸದಾಗಿ ಮೌಲ್ಯಮಾಪನ ಮಾಡಿತು. ಆದ್ದರಿಂದ ಎರಡು ಕೌಂಟಿಗಳ ಮಿಲ್ ದರಗಳನ್ನು ಪಕ್ಕ ಪಕ್ಕ ಇಟ್ಟು "ಇಲ್ಲಿ ಅಗ್ಗ, ಅಲ್ಲಿ ದುಬಾರಿ" ಎನ್ನುವುದಕ್ಕೆ ಅರ್ಥವೇ ಇಲ್ಲ. ಮನೆ ನೋಡುವಾಗ ಕೇಳಬೇಕಾದದ್ದು ಒಂದೇ: ಕಳೆದ ವರ್ಷ ಮೂರೂ ಬಿಲ್ ಸೇರಿ ಎಷ್ಟು ಡಾಲರ್?

ಹಳೆಯ ಮೌಲ್ಯವನ್ನು ಇಂದಿನ ಬೆಲೆಗೆ ಹೊಂದಿಸಲು ರಾಜ್ಯ ಪ್ರತಿ ವರ್ಷ ಕೌಂಟಿಗೊಂದು ಅನುಪಾತ ಪ್ರಕಟಿಸುತ್ತದೆ, ಅದರ ಹೆಸರು ಕಾಮನ್ ಲೆವೆಲ್ ರೇಷಿಯೊ. ಅದು ಶೇ 40 ಎಂದಿದ್ದರೆ 2 ಲಕ್ಷದ ಮೌಲ್ಯ 5 ಲಕ್ಷದ ಮನೆಗೆ ಸಮ. ನಿಮ್ಮ ಮನೆಯ ನಿಜ ಬೆಲೆ 4,40,000 ಎಂದು ಸಾಬೀತು ಮಾಡಿದರೆ ಮೌಲ್ಯ 1,76,000ಕ್ಕೆ ಇಳಿಯಬೇಕು. ಮೇಲಿನ 40 ಮಿಲ್‌ಗೆ ವರ್ಷಕ್ಕೆ 960 ಡಾಲರ್ ಉಳಿತಾಯ. ಫಿಲಡೆಲ್ಫಿಯಾ ಸುತ್ತಲಿನ ನಾಲ್ಕು ಕೌಂಟಿಗಳಲ್ಲಿ ಮೇಲ್ಮನವಿಗೆ ಗಡುವು ಆಗಸ್ಟ್ 1, ಜಾರಿ ಮುಂದಿನ ವರ್ಷದಿಂದ. ಸ್ಕೂಲ್ ಬಿಲ್ ಜುಲೈನಲ್ಲಿ ಬರುತ್ತದೆ, ನೋಡಿ ಸಿಟ್ಟಾಗಿ ಅರ್ಜಿ ಹಾಕಲು ಉಳಿಯುವುದು ಕೆಲವೇ ವಾರ. ಸಿಟ್ಟನ್ನು ಮೇ ತಿಂಗಳಲ್ಲೇ ಮಾಡಿಕೊಳ್ಳುವುದು ಒಳ್ಳೆಯದು. "ಪಕ್ಕದ ಮನೆಗಿಂತ ನನಗೆ ಜಾಸ್ತಿ" ಎಂಬ ವಾದ ಒಂದರಿಂದ ಕೆಲಸ ಆಗುವುದು ಕಷ್ಟ. ಪ್ರಮಾಣಿತ ಅಪ್ರೈಸರ್, ಅಂದರೆ ಮನೆಗೆ ಬೆಲೆ ಕಟ್ಟುವ ತಜ್ಞರ, ವರದಿ ಇದ್ದರೆ ಮಾತಿಗೆ ತೂಕ.

ಕೌಂಟಿ ಮತ್ತು ಟೌನ್‌ಶಿಪ್ ಬಿಲ್ ವರ್ಷದ ಆರಂಭದಲ್ಲಿ. ಬಿಲ್ ತಾರೀಖಿನಿಂದ ಎರಡು ತಿಂಗಳೊಳಗೆ ಕಟ್ಟಿದರೆ ಶೇ 2 ರಿಯಾಯಿತಿ, ನಾಲ್ಕು ತಿಂಗಳವರೆಗೆ ಪೂರ್ತಿ ಮೊತ್ತ, ಆಮೇಲೆ ಶೇ 10ರವರೆಗೆ ದಂಡ. 6,600ರ ಸ್ಕೂಲ್ ಬಿಲ್‌ಗೆ ಅಂದರೆ 132 ಡಾಲರ್ ಲಾಭಕ್ಕೂ 660 ಡಾಲರ್ ನಷ್ಟಕ್ಕೂ ನಡುವೆ ಎರಡೇ ತಿಂಗಳು. ಮುಂದಿನ ವರ್ಷದ ಜನವರಿಗೆ ಬಾಕಿ ಕೌಂಟಿಯ ಟ್ಯಾಕ್ಸ್ ಕ್ಲೇಮ್ ಬ್ಯೂರೊಗೆ ಹೋಗಿ, ವರ್ಷಕ್ಕೆ ಶೇ 9 ಬಡ್ಡಿ ಏರಲು ಶುರು. ಅದನ್ನೂ ಬಿಟ್ಟರೆ ಮನೆ ಹರಾಜಿನ ಪಟ್ಟಿಗೆ ಬರುತ್ತದೆ.

ಟೌನ್‌ಶಿಪ್‌ನ ಟ್ಯಾಕ್ಸ್ ಕಲೆಕ್ಟರ್ ಬಹಳ ಕಡೆ ಜನರೇ ಓಟು ಹಾಕಿ ಆರಿಸಿದ ವ್ಯಕ್ತಿ; ತಮ್ಮ ಮನೆಯ ಒಂದು ಕೋಣೆಯಿಂದಲೇ ಕೆಲಸ ಮಾಡುವವರೂ ಇದ್ದಾರೆ. ನಮ್ಮ ಬಿಲ್ ಕಲೆಕ್ಟರ್‌ಗೂ ಇವರಿಗೂ ವ್ಯತ್ಯಾಸ: ಇವರು ಬಾಗಿಲಿಗೆ ಬರುವುದಿಲ್ಲ, ನಾವೇ ಚೆಕ್ ಕಳುಹಿಸಬೇಕು. ಸೇವೆ ಮನುಷ್ಯರನ್ನು ಅವಲಂಬಿಸಿದ್ದು. ಒಳ್ಳೆಯವರು ಸಿಕ್ಕರೆ ಫೋನಿನಲ್ಲೇ ಎಲ್ಲ ಬಿಡಿಸಿ ಹೇಳುತ್ತಾರೆ.

ಸಾಲದ ಮನೆಯಾದರೆ ಬ್ಯಾಂಕು ಎಸ್ಕ್ರೊ ಖಾತೆಯಿಂದ (ಸಾಲದ ಕಂತಿನ ಜೊತೆ ತೆರಿಗೆಗೆಂದು ಹಣ ಸೇರಿಸಿಡುವ ಖಾತೆ) ಕಟ್ಟುತ್ತದೆ. ಹೊಸದಾಗಿ ಕಟ್ಟಿಸಿದ ಮನೆ ಕೊಂಡವರು ಇಲ್ಲೇ ಎಡವುವುದು. ಮೊದಲ ಬಿಲ್ ಖಾಲಿ ಜಾಗದ ಮೇಲೆ ಬಂದಿರುತ್ತದೆ, ಚಿಕ್ಕ ಮೊತ್ತ. ಮೌಲ್ಯಮಾಪನ ಕಚೇರಿಯವರು ಮನೆಯನ್ನು ಸೇರಿಸಿದ ಮೇಲೆ ವ್ಯತ್ಯಾಸಕ್ಕೆ "ಇಂಟರಿಮ್" ಬಿಲ್‌ಗಳು ಬರುತ್ತವೆ, ಮೂರೂ ಕಡೆಯಿಂದ ಬರಬಹುದು. ಇವನ್ನು ಬ್ಯಾಂಕು ಸಾಮಾನ್ಯವಾಗಿ ಕಟ್ಟುವುದಿಲ್ಲ. ಮನೆ ಕೊಂಡ ದಿನವೇ ಆ ವ್ಯತ್ಯಾಸದ ಹಣ ಬೇರೆ ಇಟ್ಟುಕೊಳ್ಳಬೇಕು. ಬಿಲ್ ಬರಲೇ ಇಲ್ಲ ಎಂಬುದು ನೆಪವಾಗದು. ಆದರೆ ಮನೆ ಕೊಂಡ ಮೊದಲ ವರ್ಷದವರಿಗೆ 2022ರ 57ನೇ ಕಾಯ್ದೆ ಒಂದು ಬಾಗಿಲು ತೆರೆದಿದೆ. ಬಿಲ್ ಸಿಗಲಿಲ್ಲ ಎಂದು ಪ್ರಮಾಣಿಸಿ, ಕ್ರಯಪತ್ರದ ಪ್ರತಿಯೊಂದಿಗೆ 12 ತಿಂಗಳೊಳಗೆ ಕೇಳಿ, ಮೂಲ ಮೊತ್ತ ಕಟ್ಟಿದರೆ ದಂಡ ಮನ್ನಾ.

ಕೇಳದೆ ಬಿಟ್ಟು ಹಣ ಕಳೆದುಕೊಳ್ಳುವ ಇನ್ನೊಂದು ಜಾಗ ಹೋಮ್‌ಸ್ಟೆಡ್ ವಿನಾಯಿತಿ. ಸ್ವಂತ ವಾಸದ ಮನೆಯ ಸ್ಕೂಲ್ ತೆರಿಗೆಯಲ್ಲಿ ಕಡಿತ, ಜೂಜಿನ ಆದಾಯದಿಂದ ರಾಜ್ಯ ತುಂಬಿಕೊಡುತ್ತದೆ. ಕೌಂಟಿ ಮೌಲ್ಯಮಾಪನ ಕಚೇರಿಗೆ ಮಾರ್ಚ್ 1ರೊಳಗೆ ಅರ್ಜಿ. ಹಳೆ ಮಾಲೀಕರ ಅರ್ಜಿ ನಿಮಗೆ ಸಲ್ಲದು. ಬಾಡಿಗೆಗೆ ಕೊಟ್ಟ ಮನೆಗೆ ಇಲ್ಲ. ಅಲ್ಲೇ ನೆಲೆಸಿದ 65 ದಾಟಿದ ಹಿರಿಯರಿಗೆ ಆಸ್ತಿ ತೆರಿಗೆ ಅಥವಾ ಬಾಡಿಗೆಯ ಮೇಲೆ 1,000 ಡಾಲರ್‌ವರೆಗೆ ವಾಪಸ್ ಕೊಡುವ ಯೋಜನೆಯೂ ಇದೆ. ಆದಾಯ ಮಿತಿ ಇದೆ, ಗಡುವು ಜೂನ್ 30, ಮೈಪಾತ್‌ನಲ್ಲಿ ಖಾತೆ ತೆರೆಯದೆಯೇ ಅರ್ಜಿ ಹಾಕಬಹುದು.

ತೋಟದ ಲೆಕ್ಕ ಅಲ್ಲಿಗೂ ಹೋಗುತ್ತದೆ

ಪೆನ್ಸಿಲ್ವೇನಿಯಾ ನಿವಾಸಿಯ ಆದಾಯ ಜಗತ್ತಿನ ಎಲ್ಲೇ ಹುಟ್ಟಿದರೂ ಆ ಎಂಟು ವರ್ಗಗಳಲ್ಲಿ ಒಂದಕ್ಕೆ ಬಂದರೆ ಶೇ 3.07 ಇದ್ದೇ ಇದೆ. ನಮ್ಮಲ್ಲಿ ಕೃಷಿ ಆದಾಯಕ್ಕೆ ತೆರಿಗೆ ಇಲ್ಲ ಎಂಬುದು ಅಲ್ಲಿ ಲೆಕ್ಕಕ್ಕಿಲ್ಲ. ಎನ್‌ಆರ್‌ಇ (ಅನಿವಾಸಿಗಳು ವಿದೇಶದ ದುಡಿಮೆಯನ್ನು ಇಡುವ ಖಾತೆ) ಠೇವಣಿ ಬಡ್ಡಿ ಇಲ್ಲಿ ತೆರಿಗೆಮುಕ್ತ, ಅಲ್ಲಿ ಅಲ್ಲ. ಎನ್‌ಆರ್‌ಒ (ಅನಿವಾಸಿಗಳ ಭಾರತದ ಆದಾಯ ಇಡುವ ಖಾತೆ) ಬಡ್ಡಿಗೆ ಇಲ್ಲಿ ಶೇ 30 ಮತ್ತು ಸೆಸ್ ಟಿಡಿಎಸ್ ಹೋಗಿದ್ದರೂ ಪೆನ್ಸಿಲ್ವೇನಿಯಾ ಮತ್ತೆ ಕೇಳುತ್ತದೆ. ವಿದೇಶದಲ್ಲಿ ಕಟ್ಟಿದ ತೆರಿಗೆಗೆ ಕೊಡುತ್ತಿದ್ದ ವಜಾವನ್ನು ರಾಜ್ಯ 2014ರ ತೆರಿಗೆ ವರ್ಷದಿಂದ ನಿಲ್ಲಿಸಿದೆ. ಭಾರತ–ಅಮೆರಿಕ ಒಪ್ಪಂದ ಕೇಂದ್ರದ ತೆರಿಗೆಗೆ ಮಾತ್ರ, ರಾಜ್ಯವನ್ನು ಕಟ್ಟಿಹಾಕುವುದಿಲ್ಲ. ರಾಜ್ಯದ ತೆರಿಗೆಗೆ ಐದಕ್ಕೆ ಐದು ಕೊಡದೆ ಒಂದು ಅಂಕ ಹಿಡಿದದ್ದು ಇದಕ್ಕೇ.

ಒಂದು ಉದಾಹರಣೆ. ಕಾಫಿ, ಮೆಣಸು ಮಾರಿ ವರ್ಷಕ್ಕೆ 20 ಲಕ್ಷ ರೂ. ಬಂತು, ಕೂಲಿ, ಗೊಬ್ಬರ, ಕಪಾತು, ಸ್ಪ್ರಿಂಕ್ಲರ್ ಡೀಸೆಲ್ ಎಲ್ಲ ಸೇರಿ 12 ಲಕ್ಷ ಹೋಯಿತು, ಉಳಿದದ್ದು 8 ಲಕ್ಷ. ಡಾಲರ್‌ಗೆ 85 ರೂ. ಹಿಡಿದರೆ 9,412 ಡಾಲರ್. ರಾಜ್ಯಕ್ಕೆ 289, ತೋಟವನ್ನು ಸ್ವಂತ ನಡೆಸುತ್ತಿದ್ದರೆ ನಿವ್ವಳ ಲಾಭದ ವರ್ಗವಾದ್ದರಿಂದ ಊರಿಗೂ ಶೇ 1ರಂತೆ 94. ಒಟ್ಟು ಸುಮಾರು 32,500 ರೂ. ತೋಟವನ್ನು ಗುತ್ತಿಗೆಗೆ ಕೊಟ್ಟಿದ್ದರೆ ಅದು ಬಾಡಿಗೆ ವರ್ಗ, ಊರಿನ ತೆರಿಗೆ ಬೀಳುವುದಿಲ್ಲ. ಹೋಂಸ್ಟೇಗೂ ಇದೇ ಭೇದ: ಊಟ, ಚಾಕರಿ ಸಮೇತ ನಡೆಸಿದರೆ ವ್ಯಾಪಾರ, ಮನೆಯನ್ನು ಹಾಗೇ ಬಾಡಿಗೆಗೆ ಬಿಟ್ಟರೆ ಬಾಡಿಗೆ. ಕಂಪನಿ ತೆರಿಗೆ ಹಿಡಿಯದ ಆದಾಯ ವರ್ಷಕ್ಕೆ 9,500 ಡಾಲರ್ ದಾಟುವ ಹಾಗಿದ್ದರೆ ಏಪ್ರಿಲ್, ಜೂನ್, ಸೆಪ್ಟೆಂಬರ್, ಜನವರಿಯ 15ರೊಳಗೆ ಮುಂಗಡ ಕಂತು ಕಟ್ಟಬೇಕು. ಮೇಲಿನ ತೋಟ ಅದಕ್ಕಿಂತ ಕೂದಲೆಳೆಯಷ್ಟು ಕೆಳಗಿದೆ. ಬ್ಯಾಂಕಿನ ಬಡ್ಡಿ ಸೇರಿದರೆ ದಾಟುತ್ತದೆ.

ನಮ್ಮ ಹಣಕಾಸು ವರ್ಷ ಏಪ್ರಿಲ್‌ನಿಂದ, ಅವರದು ಜನವರಿಯಿಂದ. ಕೊಡಗಿನ ಕೊಯ್ಲು ಎರಡರ ನಡುವೆ ಸಿಕ್ಕಿಕೊಳ್ಳುತ್ತದೆ. ಡಿಸೆಂಬರ್‌ನಲ್ಲಿ ಕೊಯ್ದ ಅರೇಬಿಕಾ ಪಾರ್ಚ್‌ಮೆಂಟ್ ಆಗಿ ಗೋದಾಮಿನಲ್ಲಿದ್ದು ಫೆಬ್ರವರಿಯಲ್ಲಿ ಹಣ ಬಂದರೆ, ಕೂಲಿಯ ಖರ್ಚು ಹಿಂದಿನ ವರ್ಷಕ್ಕೆ, ಆದಾಯ ಈ ವರ್ಷಕ್ಕೆ. ನಗದು ಪದ್ಧತಿಯಲ್ಲಿ ಮುಖ್ಯವಾಗುವುದು ಮಾಲು ತೂಗಿದ ದಿನವಲ್ಲ, ಹಣ ಖಾತೆಗೆ ಬಂದ ದಿನ. ಇಲ್ಲಿನ ಆಡಿಟರ್ ಮಾಡಿಕೊಟ್ಟ ಮಾರ್ಚ್ 31ರ ಲೆಕ್ಕವನ್ನು ಹಾಗೇ ಅಲ್ಲಿ ಹಾಕುವುದು ಅತಿ ಸಾಮಾನ್ಯ ತಪ್ಪು.

ಇನ್ನು ಒಕ್ಕದ, ಅಂದರೆ ಕೊಡವ ಮನೆತನದ, ಜಮ್ಮಾ ಆಸ್ತಿ. ಪಹಣಿಯಲ್ಲಿ ಹೆಸರಿರುವುದು ಬೇರೆ, ಆದಾಯ ಕೈ ಸೇರುವುದು ಬೇರೆ. ಯಾರ ಪಾಲಿಗೆ ಎಷ್ಟು ಹೋಯಿತು ಎಂಬ ಹಂಚಿಕೆ ಕಾಗದದ ಮೇಲೆ ಇಲ್ಲದಿದ್ದರೆ ಅಲ್ಲಿ ಯಾವ ತೆರಿಗೆ ಸಲಹೆಗಾರರೂ ಸರಿಯಾದ ಉತ್ತರ ಕೊಡಲಾರರು. ತಂದೆ ತಾಯಿ ಕೊಡಗಿನಲ್ಲೇ ಇದ್ದು ತೀರಿಕೊಂಡು ತೋಟ ಮಗನಿಗೆ ಬಂದರೆ ಪೆನ್ಸಿಲ್ವೇನಿಯಾದ ಉತ್ತರಾಧಿಕಾರ ತೆರಿಗೆ ಇಲ್ಲ. ಅಲ್ಲಿನ ನಿವಾಸಿ ತೀರಿಕೊಂಡರೂ ರಾಜ್ಯದ ಹೊರಗಿನ ಭೂಮಿಗೆ ಅದು ತಟ್ಟುವುದಿಲ್ಲ; ಅಲ್ಲಿನ ಮನೆ, ಬ್ಯಾಂಕಿನ ಹಣಕ್ಕೆ ಮಕ್ಕಳಿಂದ ಶೇ 4.5, ಒಡಹುಟ್ಟಿದವರಿಂದ ಶೇ 12, ಗಂಡ ಹೆಂಡಿರ ನಡುವೆ ಸೊನ್ನೆ. ಆದರೆ ಬಂದ ತೋಟವನ್ನು ಮುಂದೆ ಮಾರಿದರೆ ಆ ಲಾಭಕ್ಕೆ ಮತ್ತೆ ಶೇ 3.07.

ಕೊಡಗಿನಿಂದ ಫೆಬ್ರವರಿಯೊಳಗೆ ಕಳುಹಿಸಬೇಕಾದದ್ದು ಇಷ್ಟು: ಎಲ್ಲ ಖಾತೆಗಳಿಗೂ ಜನವರಿ 1ರಿಂದ ಡಿಸೆಂಬರ್ 31ರವರೆಗಿನ ಬಡ್ಡಿ ಪ್ರಮಾಣಪತ್ರ (ಬ್ಯಾಂಕಿನವರು ಮಾರ್ಚ್‌ನದ್ದನ್ನೇ ಕೊಡಲು ನೋಡುತ್ತಾರೆ, ತಾರೀಖು ಬರೆದು ಕೇಳಿ), ಕ್ಯೂರಿಂಗ್ ವರ್ಕ್ಸ್ ಅಥವಾ ವ್ಯಾಪಾರಿಯ ಬಿಲ್‌ಗಳು ಹಣ ಬಂದ ತಾರೀಖಿನ ಜೊತೆ, ತಿಂಗಳುವಾರು ಕೂಲಿ ಪುಸ್ತಕದ ಫೋಟೊ, ಗುತ್ತಿಗೆ ಕರಾರು ಇದ್ದರೆ ಅದರ ಪ್ರತಿ. ರೂಪಾಯಿಯಲ್ಲೇ ಕಳುಹಿಸಿ, ಡಾಲರ್‌ಗೆ ಬದಲಿಸುವುದನ್ನು ಅಲ್ಲಿಯವರೇ ಆ ವರ್ಷದ ಸರಾಸರಿ ದರದಲ್ಲಿ ಮಾಡಿಕೊಳ್ಳಲಿ.